ಪಿನ್‌ಫೋಲ್ಡಿನ ಕಾಲುದಾರಿ

ಬೇಸಗೆ ಬಂತೆಂದರೆ ನಮ್ಮ ಮನೆಯ ಸಾರಿಗೆ ಹುಣಸೆಹಣ್ಣು ಬೀಳುವುದಿಲ್ಲ. ಅದರ ಬದಲು ಬೀಳುವುದು ರೂಬಾರ್ಬ್ ಎಂಬ ಕೆಂಪು ದಂಟು. ನೋಡಲು ಕೆಸುವಿನ ದಂಟಿಗೆ ಯಾರೋ ಕುಂಕುಮ ಸವರಿದ ಹಾಗೆ, ಬಾಯಿಗಿಟ್ಟರೆ ಕಿವಿಯ ಬುಡದವರೆಗೂ ಹುಳಿ. ಇಲ್ಲಿಯವರು ಇದನ್ನು ಸಕ್ಕರೆಯಲ್ಲಿ ಮುಳುಗಿಸಿ ಬೇಯಿಸಿ, ಮೇಲೊಂದು ಹಿಟ್ಟಿನ ಹೊದಿಕೆ ಹೊದಿಸಿ ಸಿಹಿ ತಿಂಡಿ ಮಾಡುತ್ತಾರೆ. ನಮ್ಮ ಅತ್ತೆ ಚಿಕ್ಕತಾಯಮ್ಮನವರು ಅದನ್ನು ಮೊದಲ ಸಲ ಕೈಯಲ್ಲಿ ಹಿಡಿದಾಗ ತುದಿ ಮುರಿದು ನಾಲಿಗೆಗೆ ಮುಟ್ಟಿಸಿ, ಒಂದು ಕಣ್ಣು ಮುಚ್ಚಿ, ಇದು ಸಾರಿಗಾಗುತ್ತದೆ ಎಂದು ತೀರ್ಪು ಕೊಟ್ಟರು. ಅಂದಿನಿಂದ ಮಿಶಿಗನ್ನಿನ ಬೇಸಗೆಗೆ ನಮ್ಮ ಮನೆಯಲ್ಲೊಂದು ರುಚಿ ಹುಟ್ಟಿತು.

ದಂಟು ಬರುತ್ತಿದ್ದುದು ಡೋರೀನ್ ಅವರ ಹಿತ್ತಲಿನಿಂದ. ಡೋರೀನ್ ಎಂಬತ್ತು ದಾಟಿದ ಇಂಗ್ಲೀಷ್ ಹೆಂಗಸು. ಡಿಯರ್‌ಬಾರ್ನಿನಲ್ಲಿ ಕಾರುಗಳ ಎಂಜಿನಿಯರಾಗಿದ್ದ ಗಂಡನ ಜೊತೆ ಹರೆಯದಲ್ಲಿ ಇಲ್ಲಿಗೆ ಬಂದವರು, ಗಂಡ ತೀರಿಕೊಂಡ ಮೇಲೂ ಇಲ್ಲೇ ಉಳಿದವರು. ಅವರ ಮನೆ ನಮ್ಮ ಸಬ್‌ಡಿವಿಷನ್ನಿನ, ಅಂದರೆ ನಮ್ಮ ಹೊಸ ಬಡಾವಣೆಯ, ಬೆನ್ನಿಗಿರುವ ಹಳೆಯ ಬಡಾವಣೆಯಲ್ಲಿದೆ. ಕಾರಿನಲ್ಲಿ ಹೋದರೆ ಸಿಗ್ನಲ್ಲುಗಳನ್ನು ದಾಟಿ, ದೊಡ್ಡ ರಸ್ತೆ ಹಿಡಿದು, ಸುತ್ತು ಹಾಕಿ ಹೋಗಬೇಕು. ನಡೆದರೆ ನಮ್ಮ ಹಿತ್ತಲುಗಳ ಹಿಂದೆ, ಮೇಪಲ್ ಮರಗಳ ಸಾಲಿನ ನಡುವೆ ಒಂದು ಕಾಲುದಾರಿ. ಲೋಟದ ಕಾಫಿ ಆರುವಷ್ಟರಲ್ಲಿ ಅವರ ಅಂಗಳ, ಅಲ್ಲಿಂದ ಮುಂದಕ್ಕೆ ಪಾರ್ಕು, ಲೈಬ್ರರಿ. ಆ ದಾರಿಯನ್ನು ಯಾರೂ ಹಾಕಿಸಿದ್ದಲ್ಲ. ನಮ್ಮ ಮನೆಗಳು ಏಳುವ ಮೊದಲು ಇಲ್ಲಿ ಮುಸುಕಿನ ಜೋಳದ ಹೊಲವಿತ್ತಂತೆ. ಹಳೆಯ ಬಡಾವಣೆಯವರು ರೈತನ ಮನೆಗೆ ಮೊಟ್ಟೆ ತರಲು ಹೊಲದ ಬದುವಿನ ಮೇಲೆ ನಡೆದೂ ನಡೆದೂ ಮಾಡಿದ ದಾರಿ ಅದು. ಹೊಲ ಹೋಯಿತು, ರೈತ ಹೋದ, ದಾರಿ ಉಳಿಯಿತು.

ಅಮೆರಿಕದ ಸಬರ್ಬಿನಲ್ಲಿ ಡ್ರೈವ್ ಮಾಡಲು ಬಾರದವರ ಪಾಡನ್ನು ನೀವು ಕಂಡಿರಲಿಕ್ಕಿಲ್ಲ. ಬೆಳಗ್ಗೆ ನಾನು ಸೌತ್‌ಫೀಲ್ಡಿನ ಆಫೀಸಿಗೆ, ಗಂಡ ಮಹೇಶ ಡಿಯರ್‌ಬಾರ್ನಿಗೆ, ಮಗಳು ಹಳದಿ ಬಸ್ಸು ಹತ್ತಿ ಸ್ಕೂಲಿಗೆ ಹೊರಟರೆ, ಅಷ್ಟು ದೊಡ್ಡ ಮನೆಯಲ್ಲಿ ಅತ್ತೆ ಒಬ್ಬರೇ. ಬೀದಿಯಲ್ಲಿ ಇಣುಕಿದರೆ ಹುಲ್ಲು, ಗ್ಯಾರೇಜಿನ ಬಾಗಿಲು, ಮತ್ತೆ ಹುಲ್ಲು. ಮನುಷ್ಯರ ಮುಖ ಕಾಣಬೇಕೆಂದರೆ ಯಾರಾದರೂ ಕಾರು ತರಬೇಕು. ಮಾವ ತೀರಿಕೊಂಡ ಮೇಲೆ ಮಗನ ಬಳಿಗೆ ಬಂದ ಅತ್ತೆ ಮೊದಲ ಚಳಿಗಾಲವನ್ನು ಕಿಟಕಿಯ ಹತ್ತಿರ ಕಳೆದರು. ವಸಂತದಲ್ಲಿ ಒಂದು ದಿನ ಹಿತ್ತಲ ಬಾಗಿಲು ತೆಗೆದು, ಸೀರೆಯ ಮೇಲೆ ಮಹೇಶನ ಜಾಕೆಟ್ಟು ಹಾಕಿಕೊಂಡು, ಆ ಕಾಲುದಾರಿ ಹಿಡಿದು ಹೊರಟುಬಿಟ್ಟರು. ಸಂಜೆ ನಾವು ಬಂದಾಗ ಅಡುಗೆಮನೆಯ ಕಟ್ಟೆಯ ಮೇಲೆ ಕೆಂಪು ದಂಟಿನ ಕಟ್ಟೊಂದಿತ್ತು.

ಅತ್ತೆ, ಡೋರೀನ್ ಇಬ್ಬರಲ್ಲಿ ಒಬ್ಬರ ಭಾಷೆ ಇನ್ನೊಬ್ಬರಿಗೆ ಬಾರದು. ಆ ದಂಟಿನ ಎಲೆ ವಿಷ ಎನ್ನುವುದನ್ನು ತಿಳಿಸಲು ಡೋರೀನ್ ಎಲೆಯನ್ನು ತೋರಿಸಿ, ಕತ್ತು ಹಿಡಿದುಕೊಂಡು, ನಾಲಿಗೆ ಹೊರಚಾಚಿ, ಕುರ್ಚಿಯ ಮೇಲೆ ಸತ್ತಂತೆ ಒರಗಿ ಅಭಿನಯಿಸಿದರಂತೆ. ಅತ್ತೆ ಅದನ್ನು ನಮಗೆ ಮತ್ತೆ ಅಭಿನಯಿಸಿ ತೋರಿಸಿ, ಮೈ ಕುಲುಕಿ ನಕ್ಕರು. ನಮ್ಮ ಮನೆಗೆ ಬಂದ ಮೇಲೆ ಅವರು ಹಾಗೆ ನಕ್ಕಿದ್ದನ್ನು ನಾನು ಕಂಡದ್ದು ಅದೇ ಮೊದಲು. ಆಮೇಲೆ ದಿನಾ ಹೋಗತೊಡಗಿದರು. ಡೋರೀನ್ ಅತ್ತೆಯ ಬಾಯಲ್ಲಿ ಡೋರಮ್ಮನಾದರು. ಅತ್ತೆಯ ಕೋಡುಬಳೆ ಆ ಮನೆಯ ಟೀ ಜೊತೆಗೆ ಹೋಗುವ ತಿಂಡಿಯಾಯಿತು. ಅವರ ಹಿಂದೆಯೇ ನಮ್ಮ ಬಡಾವಣೆಯ ಬೇರೆ ಹಿರಿಯರೂ, ಮಕ್ಕಳ ಮನೆಗೆ ಬಂದ ಅಂಕಲ್‌ಗಳು, ಆಂಟಿಯರು, ಒಬ್ಬೊಬ್ಬರಾಗಿ ಆ ದಾರಿಯಲ್ಲಿ ಪಾರ್ಕಿಗೆ ನಡೆಯತೊಡಗಿದರು.

ಶನಿವಾರಗಳಲ್ಲಿ ನಾನೂ ಹೋಗಿ ಇಬ್ಬರ ನಡುವೆ ಕೂತು ಮಾತು ದಾಟಿಸುತ್ತಿದ್ದೆ. ನಮ್ಮ ಸಬ್‌ಡಿವಿಷನ್ನಿನ ಹೆಸರು ಪಿನ್‌ಫೋಲ್ಡ್ ವಿಲೇಜ್. ಬಾಗಿಲಲ್ಲಿ ಕಲ್ಲಿನ ಫಲಕ, ಅದರ ಮೇಲೆ ಹುಲ್ಲು ಹೊದಿಸಿದ ಚೆಂದದ ಇಂಗ್ಲೀಷ್ ಗುಡಿಸಲಿನ ಚಿತ್ರ. ಆ ಹೆಸರಿನ ಅರ್ಥವನ್ನು ನಮ್ಮಲ್ಲಿ ಯಾರೂ ಕೇಳಿರಲಿಲ್ಲ. ಡೋರೀನ್ ಒಂದು ಮಧ್ಯಾಹ್ನ ಟೀ ಕುಡಿಯುತ್ತ, ತಮ್ಮ ಕಡೆಯ ಹಳ್ಳಿಗಳಲ್ಲಿ ಪಿನ್‌ಫೋಲ್ಡ್ ಎಂದರೆ ಪರರ ಹೊಲಕ್ಕೆ ನುಗ್ಗಿದ ಬೀಡಾಡಿ ದನಗಳನ್ನು ಕೂಡಿ ಬೀಗ ಹಾಕುವ ಜಾಗ ಎಂದರು. ನಾನು ಅದನ್ನು ಕನ್ನಡಕ್ಕೆ ತಿರುಗಿಸಿ ಮುಗಿಸುವ ಮೊದಲೇ ಅತ್ತೆ, "ದೊಡ್ಡಿ ಅನ್ನು" ಎಂದರು. ಮಂಡ್ಯದ ಕಡೆ ಅವರು ಹುಟ್ಟಿದ ಊರಿನ ಹೆಸರಿನ ಕೊನೆಗೂ ದೊಡ್ಡಿಯೇ ಇದೆ. ಏಳು ಸಮುದ್ರ ದಾಟಿ ಬಂದರೂ ದೊಡ್ಡಿಯಿಂದ ದೊಡ್ಡಿಗೇ ಬಂದೆನಲ್ಲ ಎಂದು ಅವರು ನಕ್ಕರು; ನಾನದನ್ನು ಇಂಗ್ಲೀಷಿನಲ್ಲಿ ಹೇಳಿದಾಗ ಡೋರೀನ್ ನಗಲಿಲ್ಲ, ಅತ್ತೆಯ ಕೈ ಹಿಡಿದುಕೊಂಡರು.

ಡೋರೀನ್ ಹುಟ್ಟಿದ ಹಳ್ಳಿಯನ್ನು ನಾನು ಕಂಡಿಲ್ಲ, ಆದರೆ ಕಣ್ಣು ಮುಚ್ಚಿದರೆ ಅಲ್ಲಿ ಓಡಾಡಬಲ್ಲೆ. ನಡುವೆ ಹುಲ್ಲಿನ ಬಯಲು, ಅದರಂಚಿಗೆ ಗಿಡ್ಡ ಗೋಪುರದ ಚರ್ಚು, ಎದುರಿಗೆ ಬಿಯರಿನ ಅಂಗಡಿ, ಗುಡ್ಡದ ಮೇಲೆ ಜಮೀನುದಾರರ ಬಂಗಲೆ. ಸುಗ್ಗಿ ಮುಗಿದ ಮೇಲೆ ಊರಿಗೆಲ್ಲ ಒಂದೇ ಊಟ. ವರ್ಷಕ್ಕೊಮ್ಮೆ ತರಕಾರಿಯ ಪಂದ್ಯ. ಸೋರೆಕಾಯಿಯಂಥ ಒಂದು ಕಾಯಿಯ ಗಾತ್ರದ ವಿಚಾರಕ್ಕೆ ಅಣ್ಣತಮ್ಮಂದಿರು ಮಾತು ಬಿಟ್ಟದ್ದೂ ಉಂಟಂತೆ. ಇಷ್ಟನ್ನು ಕೇಳಿ, ಎಷ್ಟು ಚೆಂದದ ಊರು ಎಂದು ನಾನು ನಿಟ್ಟುಸಿರು ಬಿಟ್ಟಾಗ ಡೋರೀನ್ ನನ್ನನ್ನು ತಡೆದರು. ಅವರ ಅಪ್ಪ ಬಂಗಲೆಯವರ ಹೊಲದ ಆಳು. ಇದ್ದ ಮನೆ ಜಮೀನುದಾರರದು. ಕೆಲಸ ಹೋದರೆ ಮನೆಯೂ ಹೋಗುತ್ತಿತ್ತು. ಚರ್ಚಿನಲ್ಲಿ ಮುಂದಿನ ಬೆಂಚುಗಳು ಬಂಗಲೆಯವರಿಗೆ, ಆಳುಗಳಿಗೆ ಕಂಬದ ಹಿಂದೆ. ಆಳುಗಳ ಮನೆಗಳಿದ್ದದ್ದು ಊರಿನಿಂದ ಹೊರಗೆ, ತೋಡಿನ ಆಚೆ. ಅಲ್ಲಿ ಯಾರಾದರೂ ಸತ್ತರೆ ಶವವನ್ನು ಹೊತ್ತು ಬಂಗಲೆಯ ಹುಲ್ಲುಗಾವಲಿನ ನಡುವಿನ ಕಾಲುದಾರಿಯಲ್ಲಿ ಚರ್ಚಿಗೆ ತರುವುದು ಯಾವ ಕಾಲದಿಂದಲೋ ನಡೆದು ಬಂದದ್ದು.

ಡೋರೀನ್ ಹುಡುಗಿಯಾಗಿದ್ದಾಗ ಬಂಗಲೆಯನ್ನು ಹೊಸಬನೊಬ್ಬ ಕೊಂಡ. ಅವನಿಗೆ ತನ್ನ ಕಿಟಕಿಯ ಮುಂದೆ ಹೆಣ ಹಾಯುವುದು ಬೇಡವಾಗಿ, ದಾರಿಗೆ ಗೇಟು ಹಾಕಿ ಬೀಗ ಜಡಿದು, ಒಳಗೊಂದು ಗೂಳಿ ಬಿಟ್ಟ. ಗಂಡಸರು ಮನೆ ಹೋದೀತೆಂಬ ಚಿಂತೆಗೆ ಸುಮ್ಮನಾದರು. ಡೋರೀನ್ ಅವರ ಅಜ್ಜಿ, ಊರಿನವರ ಬಟ್ಟೆ ಒಗೆದು ಬದುಕುತ್ತಿದ್ದಾಕೆ, ಭಾನುವಾರದ ಒಳ್ಳೆಯ ಕೋಟು, ಟೋಪಿ ಧರಿಸಿ, ಗೇಟು ಹತ್ತಿ ಆಚೆಗಿಳಿದು ಹುಲ್ಲುಗಾವಲಿನ ನಡುವೆ ಚರ್ಚಿಗೆ ನಡೆದಳು. ಮುಂದಿನ ಭಾನುವಾರ ಅವಳ ಹಿಂದೆ ನಾಲ್ಕಾರು ಹೆಂಗಸರು. ಗೂಳಿ ತಲೆ ಎತ್ತಿ ನೋಡಿ ಮತ್ತೆ ಮೇಯಲು ತೊಡಗಿತಂತೆ. ಒಂದು ಬೇಸಗೆ ಇಡೀ ಹಾಗೇ ನಡೆದರು. ಕೊನೆಗೆ ಗೇಟಿನ ಬೀಗ ಹೋಯಿತು. ಅಜ್ಜಿಯ ಶವ ಹೋದದ್ದೂ ಅದೇ ದಾರಿಯಲ್ಲಿ ಎಂದರು ಡೋರೀನ್. ಮನೆಗೆ ಬರುವಾಗ ದಾರಿಯಲ್ಲಿ ಅತ್ತೆ, "ನಮ್ಮೋರ್ಗೆ ಹತ್ತಕ್ಕೆ ಗೇಟೂ ಇರ್ನಿಲ್ಲ" ಎಂದರು. ನನಗೆ ಅರ್ಥವಾಯಿತು. ಅತ್ತೆಯ ತವರಿದ್ದದ್ದು ಊರಾಚೆಯ ಕೇರಿಯಲ್ಲಿ. ನನ್ನ ಅಜ್ಜಿಯದೂ ಅಂಥದೇ ಕೇರಿ. ಇಲ್ಲಿನ ಕನ್ನಡದ ಮನೆಗಳಲ್ಲಿ ಆ ಮಾತನ್ನು ನಾವು ಎಂದೂ ಆಡಿರಲಿಲ್ಲ. ನಿಮ್ಮದು ಯಾವ ಕಡೆ, ಮನೆದೇವರು ಯಾವುದು ಎಂದು ಯಾರಾದರೂ ನಯವಾಗಿ ಬಗೆಯತೊಡಗಿದರೆ ಮಹೇಶ ಹವಾಮಾನದ ಮಾತು ತೆಗೆಯುತ್ತಿದ್ದ.

ಆ ಆಗಸ್ಟಿನಲ್ಲಿ ನಮ್ಮ ಕಾಲುದಾರಿಗೂ ಬೇಲಿ ಬಂತು. ಮರಗಳ ಸಾಲು ನಮ್ಮ ಬಡಾವಣೆಯ ಸಂಘದ ಜಾಗವಂತೆ. ಹಿತ್ತಲುಗಳ ಹಿಂದೆ ಅಪರಿಚಿತರು ಅಡ್ಡಾಡುತ್ತಾರೆ ಎಂದು ಒಂದಿಬ್ಬರು ದೂರು ಕೊಟ್ಟಿದ್ದರು. ಒಂದು ಬೆಳಗ್ಗೆ ಮಂಕಿ ಕ್ಯಾಪ್ ಹಾಕಿಕೊಂಡು ನಡೆಯುತ್ತಿದ್ದ ಅಂಕಲ್ ಒಬ್ಬರನ್ನು ಪೊಲೀಸರು ನಿಲ್ಲಿಸಿ, ವಿನಯವಾಗಿಯೇ, ಎಲ್ಲಿಯವರು ಎಂದು ಕೇಳಿದ್ದರು. ಆಮೇಲೆ ಅವರು ಹೊರಗೆ ಬರುವುದನ್ನೇ ಬಿಟ್ಟಿದ್ದರು. ಸಂಘದ ಆಡಳಿತ ನಡೆಸುವ ಬೋರ್ಡಿನವರು ಕಪ್ಪು ಕಬ್ಬಿಣದ ಬೇಲಿ ಹಾಕಿಸಿ, ನಡುವೆ ಗೇಟಿಟ್ಟು, ಬೀಗ ಹಾಕಿಸಿದರು. ಬೋರ್ಡಿನ ಕಾರ್ಯದರ್ಶಿ ನಮ್ಮವರೇ, ಹುಬ್ಬಳ್ಳಿಯ ಪ್ರಕಾಶ್. ಒಳ್ಳೆಯ ಮನುಷ್ಯ, ಯುಗಾದಿಗೆ ಮನೆಮನೆಗೆ ಹೋಳಿಗೆ ಕಳಿಸುವವರು. ನಾನು ಹೋಗಿ ಕೇಳಿದಾಗ ಅವರು ಮುಜುಗರದಿಂದ, "ಅಕ್ಕಾರ, ಇದು ನನ್ನೊಬ್ಬನ ಕೈಯಾಗಿಲ್ರಿ. ಮಂದಿ ಸೆಕ್ಯೂರಿಟಿ ಕೇಳ್ತಾರ. ಕಾರಿನ್ಯಾಗ ಡ್ರಾಪ್ ಮಾಡಿದ್ರಾತಲ್ರಿ" ಎಂದರು.

ಕಾರು ಇರುವವರಿಗೆ ಕಾಲುದಾರಿ ಎಂದರೆ ವ್ಯಾಯಾಮ. ಕಾಲು ಮಾತ್ರ ಇರುವವರಿಗೆ ಅದೇ ಲೋಕ. ಇದನ್ನು ಅವರಿಗೆ ಹೇಗೆ ತಿಳಿಸುವುದೆಂದು ಹೊಳೆಯದೆ ನಾನು ಹಿಂದಿರುಗಿದೆ. ಅತ್ತೆ ಮತ್ತೆ ಕಿಟಕಿಯ ಹತ್ತಿರ ಕೂತರು. ಕೂತಲ್ಲೇ ಎರಡು ದಿನದಲ್ಲಿ ಕುಗ್ಗಿಹೋದರು. ಮೂರನೆಯ ದಿನ ಭಾನುವಾರ. ಬೆಳಗ್ಗೆ ಎದ್ದು, ಪೆಟ್ಟಿಗೆಯಿಂದ ಹಸಿರು ಅಂಚಿನ ರೇಷ್ಮೆ ಸೀರೆ ತೆಗೆದುಟ್ಟು, ಫ್ಲಾಸ್ಕಿಗೆ ಕಾಫಿ ತುಂಬಿ, ಮಡಚುವ ಕುರ್ಚಿಯೊಂದನ್ನು ನನ್ನ ಕೈಗೆ ಕೊಟ್ಟು ಬಾ ಎಂದರು. ಬೇಲಿಯವರೆಗೆ ಹೋಗಿ ಗೇಟಿನ ಎದುರಿಗೆ ಕುರ್ಚಿ ಹಾಕಿಸಿ ಕೂತರು. ನಾನು ಡೋರೀನ್‌ಗೆ ಫೋನ್ ಮಾಡಿದೆ. ಸ್ವಲ್ಪ ಹೊತ್ತಿಗೆ ಆಚೆಯಿಂದ ವಾಕರ್ ಹಿಡಿದು, ತಲೆಗೆ ಟೋಪಿಯಿಟ್ಟು, ಅವರೂ ಬಂದರು. ಅವರ ಪಕ್ಕದ ಮನೆಯಾತ ಹಿಂದೆಯೇ ಕುರ್ಚಿ ತಂದ. ಬೇಲಿಯ ಸರಳುಗಳ ನಡುವೆ ಕಾಫಿಯ ಲೋಟ ಅತ್ತ ಹೋಯಿತು, ಬಿಸ್ಕತ್ತಿನ ಡಬ್ಬಿ ಇತ್ತ ಬಂತು.

ಮುಂದಿನ ಭಾನುವಾರ ಆಚೆ ಕುರ್ಚಿಗಳು ಹೆಚ್ಚಿದವು. ಅದರ ಮುಂದಿನ ವಾರ ಈಚೆಯೂ ಹೆಚ್ಚಿದವು. ಮಂಕಿ ಕ್ಯಾಪಿನ ಅಂಕಲ್ ಕೂಡ ಮಗ ಬೇಡವೆಂದರೂ ಬಂದು ಕೂತರು. ಹಳೆಯ ಬಡಾವಣೆಯ ನಿವೃತ್ತ ಕಾರ್ಖಾನೆ ಕೆಲಸಗಾರರು, ನಮ್ಮ ಆಂಟಿಯರು, ನಡುವೆ ಕಬ್ಬಿಣ, ಎರಡೂ ಕಡೆ ತಿಂಡಿ. ಯಾರೂ ಘೋಷಣೆ ಕೂಗಲಿಲ್ಲ. ಯಾರ ಹಿತ್ತಲಿಗೂ ಕಾಲಿಡಲಿಲ್ಲ. ವಿಲೇಜ್ ಎಂದು ಕಲ್ಲಿನ ಮೇಲೆ ಕೆತ್ತಿಸಿಕೊಂಡ ಆ ಜಾಗದಲ್ಲಿ ಮೊದಲ ಬಾರಿಗೆ ಊರಿನ ಕಟ್ಟೆಯೊಂದು ಹುಟ್ಟಿತ್ತು, ಅದೂ ಬೇಲಿಯ ಬುಡದಲ್ಲಿ.

ಬೋರ್ಡಿನಿಂದ ಎಚ್ಚರಿಕೆಯ ಇಮೇಲ್ ಬಂತು: ಸಂಘದ ಜಾಗದಲ್ಲಿ ಅನುಮತಿಯಿಲ್ಲದೆ ಕುರ್ಚಿ ಹಾಕಬಾರದು. ಮಹೇಶನಿಗೆ ಸಿಟ್ಟಿಗಿಂತ ದಿಗಿಲು ಹೆಚ್ಚಾಯಿತು. "ಯಾಕೆ ಬೇಕು ಇದೆಲ್ಲ? ಸುಮ್ನೆ ಎಲ್ರ ಕಣ್ಣಿಗೆ ಬೀಳ್ತೀವಿ. ಆಮೇಲೆ ಜನ ಒಂದೊಂದೇ ಕೇಳಕ್ಕೆ ಶುರು ಮಾಡ್ತಾರೆ" ಎಂದ. ಏನು ಕೇಳುತ್ತಾರೆ ಎಂದು ನಾನು ಕೇಳಬೇಕಾಗಿರಲಿಲ್ಲ. ಹೈಸ್ಕೂಲಿನ ದಿನಗಳಿಂದ ಅವನು ಆ ಒಂದು ಪ್ರಶ್ನೆಯಿಂದ ದೂರ ದೂರ ಸರಿಯುತ್ತ ಅಟ್ಲಾಂಟಿಕ್ಕನ್ನೇ ದಾಟಿ ಬಂದಿದ್ದಾನೆ. ಅತ್ತೆ ಒಳಗಿನಿಂದ ಕೇಳಿಸಿಕೊಂಡರು.

ಸಂಘದ ವಾರ್ಷಿಕ ಸಭೆ ಅಕ್ಟೋಬರಿನ ಒಂದು ಶನಿವಾರ ಮಧ್ಯಾಹ್ನ, ಕ್ಲಬ್‌ಹೌಸಿನಲ್ಲಿ. ಹಿಂದಿನ ಸಾಲಿನಲ್ಲಿ ಡೋರೀನ್ ತೊಡೆಯ ಮೇಲೆ ಕೈಚೀಲವಿಟ್ಟುಕೊಂಡು ಕೂತಿದ್ದರು. ಅವರು ಇಲ್ಲಿಯ ನಿವಾಸಿಯಲ್ಲ ಎನ್ನುವುದು ಎಲ್ಲರಿಗೂ ಗೊತ್ತಿದ್ದರೂ ಏಳಿ ಎನ್ನುವ ಧೈರ್ಯ ಯಾರಿಗೂ ಬರಲಿಲ್ಲ. ನಮ್ಮ ಕನ್ನಡದವರೇ ಐದಾರು ಕುಟುಂಬಗಳಿದ್ದವು. ದಾರಿಯ ವಿಷಯ ಬಂದಾಗ ನಾನು ಎದ್ದು ನಿಂತು ಒಂದಿಷ್ಟು ಹೇಳಿದೆ. ಚೆನ್ನಾಗಿ ತಯಾರಾಗಿಯೇ ಹೋಗಿದ್ದೆ, ಆದರೂ ಅದು ಆಫೀಸಿನ ಪ್ರೆಸೆಂಟೇಶನ್ನಿನ ಹಾಗೆ ಕೇಳಿಸುತ್ತಿದೆಯೆಂದು ನನಗೇ ಅನಿಸಿತು. ಕೂರುವಷ್ಟರಲ್ಲಿ ಪಕ್ಕದಲ್ಲಿದ್ದ ಅತ್ತೆ ಎದ್ದರು. ನಾನು ಅನುವಾದ ಮಾಡಲು ಬಾಯಿ ತೆರೆದೆ. ಅವರು ಕೈಯಿಂದ ನನ್ನನ್ನು ತಡೆದು, ಎದುರಿನ ಮೇಜಿನ ಹಿಂದೆ ಕೂತಿದ್ದ ಪ್ರಕಾಶರನ್ನು ನೋಡಿ, "ನೀನು ಹೇಳಪ್ಪ. ಬೀಗ ಹಾಕ್ದೋರ ಕಡೆಯೋನೇ ಹೇಳ್ಲಿ" ಎಂದರು.

ಪ್ರಕಾಶ್ ಮೆಲ್ಲನೆ ಎದ್ದು ನಿಂತರು. ಅತ್ತೆ ತಮ್ಮ ಹೆಸರು ಹೇಳಿದರು. ತಮಗೆ ಕಾರು ಓಡಿಸಲು ಬಾರದು, ಇಂಗ್ಲೀಷು ಬಾರದು, ಇರುವುದು ಎರಡು ಕಾಲು ಮಾತ್ರ ಎಂದರು. ಪ್ರಕಾಶ್ ಅದನ್ನು ಇಂಗ್ಲೀಷಿನಲ್ಲಿ ಹೇಳಿದರು. ಒಂದಿಬ್ಬರು ಮುಗುಳ್ನಕ್ಕರು. ಅತ್ತೆಯ ದನಿ ಏರಲಿಲ್ಲ.

"ನಮ್ಮೂರ ನಡುಬೀದೀಲಿ ನಮ್ಮೋರು ನಡೆಯಂಗಿರ್ನಿಲ್ಲ. ನಮ್ದು ಊರಾಚೆ ಕೇರಿ. ನಮ್ಮವ್ವ ಸಾಯೋಗಂಟ ಕೆರೆಗೆ ಸುತ್ತಾಕ್ಕಂಡೇ ಹೋದ್ಲು."

ಪ್ರಕಾಶ್ ಬಾಯಿ ತೆರೆದವರು ಅಲ್ಲೇ ತಡೆದರು. ಕನ್ನಡದವರು ಕೂತ ಸಾಲುಗಳಲ್ಲಿ ಯಾರೂ ಅಲುಗಾಡಲಿಲ್ಲ. ನನ್ನ ಇನ್ನೊಂದು ಪಕ್ಕದಲ್ಲಿ ಮಹೇಶ ತಲೆ ತಗ್ಗಿಸಿ ತನ್ನ ಅಂಗೈಗಳನ್ನು ನೋಡುತ್ತಿದ್ದ. ಪ್ರಕಾಶ್ ತಗ್ಗಿದ ದನಿಯಲ್ಲಿ, "ಅಮ್ಮಾರ, ಇದನ್ನೂ ಹೇಳ್ಲೇನ್ರಿ?" ಎಂದರು.

"ಹೇಳು. ಅದ್ನ ಹೇಳಕ್ಕೇ ನಾನು ನಿಂತಿರೋದು."

ಅವರು ಹೇಳಿದರು. ಕೇರಿ ಎಂಬುದಕ್ಕೆ ಮಾತು ಸಿಗದೆ ಒಂದು ಗಳಿಗೆ ತಡಕಾಡಿದರು. ಆಮೇಲೆ, ಊರಿನವರು ಇವರನ್ನು ಊರಿನಿಂದ ಹೊರಗಿಟ್ಟಿದ್ದ ಜಾಗ ಎಂದು ಬಿಡಿಸಿ ಹೇಳಿದರು. ಬೇಕಿದ್ದರೆ ಒಂದು ಮಾತನ್ನು ನುಂಗಬಹುದಿತ್ತು, ನಯ ಮಾಡಬಹುದಿತ್ತು. ಮಾಡಲಿಲ್ಲ. ಅದಕ್ಕಾಗಿ ಅವರ ಮೇಲೆ ನನಗೆ ಇವತ್ತಿಗೂ ಗೌರವ.

"ನಮ್ಮವ್ವ ಸುತ್ತಿದ್ದು ಸಾಕು" ಎಂದರು ಅತ್ತೆ. "ನಾನಿನ್ನು ಸುತ್ತಾಕಿಲ್ಲ." ಅಷ್ಟು ಹೇಳಿ ಸೆರಗು ಸರಿಮಾಡಿಕೊಂಡು ಕೂತರು.

ಚಪ್ಪಾಳೆ ಬೀಳಲಿಲ್ಲ, ಅಂಥ ಸಭೆಯೂ ಅದಲ್ಲ. ಒಂದು ಗಂಟೆ ವಾದವಾಯಿತು. ಬೇಲಿ ತೆಗೆಯುವುದಿಲ್ಲ, ಹಗಲು ಹೊತ್ತು ಗೇಟಿಗೆ ಬೀಗ ಹಾಕುವುದಿಲ್ಲ, ನಿವಾಸಿಗಳಿಗೆ ಮಾತ್ರ ಎಂಬ ಫಲಕವಿರುತ್ತದೆ, ಚಳಿಗಾಲದಲ್ಲಿ ಅಲ್ಲಿ ಹಿಮ ತೆಗೆಸುವ ಹೊಣೆ ಸಂಘದ್ದಲ್ಲ ಎಂದು ಅರೆಮನಸ್ಸಿನಿಂದ ಮತ ಬಿತ್ತು. ಪ್ರಕಾಶ್ ಕೂಡ ಇದರ ಪರವಾಗಿ ಕೈ ಎತ್ತಿದರು. ಫಲಕ ಬಂದ ಮರುದಿನ ಬೆಳಗ್ಗೆ ನಿವಾಸಿಯಲ್ಲದ ಡೋರೀನ್ ಹೊಸ ಫಲಕದ ಕೆಳಗೆ ವಾಕರ್ ಊರಿ ನಿಂತು, ಅದನ್ನು ಕನ್ನಡಕ ಹಾಕಿಕೊಂಡು ಪೂರ್ತಿ ಓದಿ, ಗೇಟು ತಳ್ಳಿಕೊಂಡು ನಮ್ಮ ಮನೆಗೆ ಬಂದು ಉಪ್ಪಿಟ್ಟು ತಿಂದರು.

ಮಾತಿಗೆ ಬೆಲೆಯೂ ತೆರಬೇಕಾಯಿತು. ಆ ವರ್ಷ ಕೆಲವು ಮನೆಗಳಿಂದ ಅರಿಶಿನ ಕುಂಕುಮಕ್ಕೆ ಕರೆ ಬರಲಿಲ್ಲ. ಯಾರೂ ಏನೂ ಹೇಳಲಿಲ್ಲ, ಮರೆತುಹೋಯಿತು ಎನ್ನುವಷ್ಟೇ ಸಹಜವಾಗಿ ಬರಲಿಲ್ಲ. ಮಹೇಶ ನನ್ನೊಡನೆ ವಾರಗಟ್ಟಲೆ ಸರಿಯಾಗಿ ಮಾತಾಡಲಿಲ್ಲ, ಅಮ್ಮನೊಡನೆಯಂತೂ ಊಟಕ್ಕೆ ಬಾ ಎನ್ನುವಷ್ಟೇ. ಆದರೆ ಒಂದು ಸಂಜೆ, ನಮ್ಮ ಬೀದಿಯ ಕನ್ನಡದ ಗೃಹಿಣಿಯೊಬ್ಬರು, ಹೆಸರು ಬೇಡ, ಕೊತ್ತಂಬರಿ ಸೊಪ್ಪು ಕೇಳುವ ನೆಪದಲ್ಲಿ ಬಂದು, ಅಡುಗೆಮನೆಯಲ್ಲಿ ಅತ್ತೆಯ ಹತ್ತಿರ ನಿಂತು, "ನಾವೂ ಅಷ್ಟೇ ಆಂಟಿ" ಎಂದು ಹೇಳಿ ಅತ್ತರು. ಕರೆ ಬಾರದ ಮನೆಗಳನ್ನೆಲ್ಲ ತಕ್ಕಡಿಯ ಒಂದು ತಟ್ಟೆಗೆ ಹಾಕಿ; ಈ ಒಂದು ಮಾತಿರುವ ತಟ್ಟೆಯೇ ನನ್ನ ಕಣ್ಣಿಗೆ ಇವತ್ತಿಗೂ ಕೆಳಗಿದೆ.

ಹಳ್ಳಿ ಎಂದರೆ ಕಣ್ಣು ಒದ್ದೆ ಮಾಡಿಕೊಳ್ಳುವವರು ಇಲ್ಲೂ ಇದ್ದಾರೆ, ಅಲ್ಲೂ ಇದ್ದಾರೆ. ಹುಲ್ಲು ಹೊದಿಸಿದ ಗುಡಿಸಲನ್ನು ಕಲ್ಲಿನಲ್ಲಿ ಕೆತ್ತಿಸುವವರಿಗೆ ಆ ಗುಡಿಸಲಿನ ಬಾಡಿಗೆಯವನನ್ನು ಯಾವಾಗ ಹೊರಹಾಕಿದರೆಂಬುದು ಬೇಕಾಗಿಲ್ಲ. ನಮ್ಮೂರು ಎಷ್ಟು ಚೆನ್ನಾಗಿತ್ತು ಎಂದು ಹಂಬಲಿಸುವ ಗೆಳೆಯರನ್ನು ಕಂಡರೆ ನಾನೀಗ ತಲೆದೂಗುವುದನ್ನು ಬಿಟ್ಟಿದ್ದೇನೆ. ನನ್ನದೊಂದೇ ಪ್ರಶ್ನೆ: ಆ ಊರಿನಲ್ಲಿ ನೀವು ಯಾವ ದಾರಿಯಲ್ಲಿ ನಡೆಯುತ್ತಿದ್ದಿರಿ? ನಡುಬೀದಿಯಲ್ಲಿ ನಡೆದವರ ನೆನಪಿನಲ್ಲಿ ಊರು ಯಾವಾಗಲೂ ಚೆಂದ. ಬಳಸಿ ನಡೆದವರ ನೆನಪನ್ನೂ ಪಕ್ಕಕ್ಕಿಟ್ಟು ನೋಡಿದ ಮೇಲೂ ಅದು ಚೆಂದ ಎನ್ನಿಸಿದರೆ ಹೇಳಿ, ನಾನೂ ನಿಮ್ಮ ಜೊತೆ ಕೂತು ಹಂಬಲಿಸುತ್ತೇನೆ. ಡೋರೀನ್ ತಮ್ಮ ಹಳ್ಳಿಯನ್ನು ಪ್ರೀತಿಸುತ್ತಾರೆ. ಅಜ್ಜಿ ಅದರ ಗೇಟು ಹತ್ತಿದ್ದಳೆಂಬ ಕಾರಣಕ್ಕೇ ಪ್ರೀತಿಸುತ್ತಾರೆ. ಅಂಥ ಪ್ರೀತಿಯಲ್ಲಿ ನನಗೆ ನಂಬಿಕೆಯಿದೆ.

ಡಿಸೆಂಬರಿನ ಎರಡನೆಯ ವಾರ ಹಿಮ ಸುರಿಯಿತು. ಶನಿವಾರ ಬೆಳಗ್ಗೆ ನೋಡಿದರೆ ಮರಗಳ ಸಾಲಿನ ನಡುವೆ ದಾರಿಯ ಗುರುತೇ ಇರಲಿಲ್ಲ, ಮೊಣಕಾಲುದ್ದದ ಬಿಳುಪು. ಅತ್ತೆ ಕಿಟಕಿಯ ಹತ್ತಿರ ನಿಂತು ಹೊರಗೆ ನೋಡಿದರು. ಮಹೇಶ ಕಾಫಿ ಕುಡಿಯುತ್ತ ಅಮ್ಮನ ಬೆನ್ನನ್ನು ನೋಡುತ್ತಿದ್ದ. ಲೋಟ ಕೆಳಗಿಟ್ಟು ಎದ್ದು, ಕೈಗವಸು ಹಾಕಿಕೊಂಡು, ಗ್ಯಾರೇಜಿನಿಂದ ಹಿಮದ ಸಲಿಕೆ ತೆಗೆದುಕೊಂಡು ಹಿತ್ತಲ ಕಡೆಯಿಂದ ಹೊರಟ. ನಮ್ಮ ಅಂಗಳದ ಹಿಮ ತೆಗೆಯುತ್ತಾನೆಂದು ನಾನಂದುಕೊಂಡೆ. ಅವನು ಅಂಗಳ ದಾಟಿ, ಮರಗಳ ಸಾಲಿಗೆ ಹೋಗಿ, ಕಾಲುದಾರಿ ಇದ್ದ ಕಡೆ ಸಲಿಕೆ ಊರಿದ. ಬೇಲಿಯವರೆಗೆ ತೆಗೆದ, ಗೇಟಿನ ಬುಡದ ಹಿಮ ಬಗೆದು ಅದನ್ನು ತೆರೆದ, ಆಚೆಗೂ ಹೋದ. ಅವನು ಡೋರೀನ್ ಅವರ ಮನೆಯ ಮೆಟ್ಟಿಲು ಮುಟ್ಟುವ ಹೊತ್ತಿಗೆ ಬಿಸಿಲು ಬಂದಿತ್ತು.

ದಾರಿಯ ಪಕ್ಕದ ಮನೆಯಾತ ಹಿತ್ತಲ ಬಾಗಿಲು ತೆರೆದು, ಇದಕ್ಕೆ ಬೋರ್ಡಿನ ಪರ್ಮಿಷನ್ ಇದೆಯಾ ಎಂದು ಕೇಳಿದನಂತೆ. ಇಲ್ಲ ಎಂದು ಹೇಳಿ, ತನ್ನ ಹೆಸರು, ಮನೆಯ ನಂಬರು, ತಾನು ಚಿಕ್ಕತಾಯಮ್ಮನ ಮಗ ಎನ್ನುವುದನ್ನೂ ಹೇಳಿ, ಮಹೇಶ ಮತ್ತೆ ಬಗ್ಗಿ ಹಿಮ ಎತ್ತಿದ.